ಎರವಲು ಅಪ್ಪ

ಸತ್ತ ಅಪ್ಪನನ್ನು ಊರ ಜನರ ತಲೆಗಳಿಂದ ಅಷ್ಟಿಷ್ಟು ತೆಗೆದು ತನ್ನ ತಲೆಯಲ್ಲಿ ಕೂಡಿಸಿಕೊಳ್ಳುತ್ತೇನೆಂದು ಇಂದುಮತಿ ಹೇಳಿದಾಗ, ಅವಳ ತಾಯಿ ಸಾವಂತ್ರೆವ್ವ ರೊಟ್ಟಿ ಬಡಿಯುವುದನ್ನು ನಿಲ್ಲಿಸಲಿಲ್ಲ.

"ನನ್ನ ತಲಿಗೆ ಮಾತ್ರ ಕೈ ಹಚ್ಚಬ್ಯಾಡ," ಎಂದಳು. "ನನ್ನ ಗಂಡ ನನ್ನ ಕಡೆ ಎಷ್ಟ ಉಳದಾರೋ ಅಷ್ಟ ಇರ್ಲಿ. ನಿನ್ನ ಸಿನಿಮಾಕ್ಕ ಅವರೇನು ನಟರಲ್ಲ."

"ಅವ್ವಾ, ನನಗ ಅವರ ಮುಖಾನ ನೆನಪಿಲ್ಲ."

"ಫೋಟೋ ಐತಿ."

"ಫೋಟೋ ಮಾತಾಡಂಗಿಲ್ಲ."

"ನಾನೂ ಮಾತಾಡಂಗಿಲ್ಲ," ಎಂದು ಸಾವಂತ್ರೆವ್ವ ರೊಟ್ಟಿಯನ್ನು ಹಂಚಿನ ಮೇಲೆ ಹಾಕಿ ನೀರು ಸವರಿದಳು. ಆ ವಿಷಯ ಅಲ್ಲಿಗೆ ಮುಗಿಯಿತು.

ಇಂದುಮತಿ ಸಾಕ್ಷ್ಯಚಿತ್ರ ಮಾಡುವವಳು. ಅದೂ ಹೆಚ್ಚು ಜನ ನೋಡದಂಥ ಚಿತ್ರ. ಹಿಂದೊಮ್ಮೆ ಕೆಲವು ಮುದುಕಿಯರನ್ನು ಬಯಲಿಗೆ ಕರೆದೊಯ್ದು, ತಾವು ಹುಟ್ಟಿದ ಮನೆಯ ಗೋಡೆಗಳನ್ನು ಸುಣ್ಣದಲ್ಲಿ ಬರೆಸಿ, ಆ ಗೆರೆಗಳೊಳಗೆ ಅವರನ್ನು ಓಡಾಡಿಸಿದ್ದಳು. ಅದಕ್ಕೊಂದು ಪ್ರಶಸ್ತಿ ಬಂತು. ಹುಬ್ಬಳ್ಳಿಯಲ್ಲಿ ಅದನ್ನು ನೋಡಿದವರು ಕಡಿಮೆ. ಈಗ ಕೈಗೆತ್ತಿಕೊಂಡದ್ದು ಅವಳದೇ ಕಥೆ. ಅಪ್ಪ ಸತ್ತಾಗ ಅವಳಿಗಿನ್ನೂ ಎರಡು ವರ್ಷ ತುಂಬಿರಲಿಲ್ಲ. ಅವಳ ಅಪ್ಪ ಫಕೀರಪ್ಪ ಕಟಗಿ ಸಿಟಿ ಬಸ್ಸಿನ ಚಾಲಕ. ಒಂದು ಬಂದ್ ದಿನ, ಯಾರೋ ಬೀಸಿದ ಕಲ್ಲು ಮುಂದಿನ ಗಾಜು ಒಡೆದು ಅವನ ಹಣೆಗೆ ಬಡಿದು ಅವನು ಸತ್ತ. ಮಗಳ ತಲೆಯಲ್ಲಿ ಅಪ್ಪನಿದ್ದ ಜಾಗ ಖಾಲಿ. ಆ ಖಾಲಿ ಜಾಗವನ್ನು ಬೇರೆಯವರ ನೆನಪುಗಳಿಂದ ತುಂಬಿದರೆ ಅವನು ನನ್ನ ಅಪ್ಪನಾಗುತ್ತಾನೆಯೇ ಎಂಬುದು ಅವಳ ಚಿತ್ರದ ಪ್ರಶ್ನೆ.

ಮೊದಲಾಗಿದ್ದರೆ ಅದು ಮಾತಿನ ಪ್ರಶ್ನೆಯಾಗಿಯೇ ಉಳಿಯುತ್ತಿತ್ತು. ಆದರೆ ಧಾರವಾಡದ ಹೊರವಲಯದ ಒಂದು ಸಂಶೋಧನಾ ಕೇಂದ್ರದಲ್ಲಿ ಡಾ. ನಸೀಮಾ ಮುಲ್ಲಾ ಎಂಬ ನರವಿಜ್ಞಾನಿ, ಮರೆವಿನ ಕಾಯಿಲೆಯವರಿಗಾಗಿ ಒಂದು ಯಂತ್ರ ಮಾಡಿದ್ದರು. ಗಂಡ ಮರೆತ ಮದುವೆಯನ್ನು ಹೆಂಡತಿಯ ನೆನಪಿನಿಂದ ತೆಗೆದು ಗಂಡನಿಗೆ ಕೊಡುವುದು ಅದರ ಕೆಲಸ.

"ನೆನಪು ಅಂದ್ರ ಕಪಾಟಿನ್ಯಾಗಿಟ್ಟ ಫೋಟೋ ಅಲ್ರಿ," ಎಂದು ಅವರು ಮೊದಲ ದಿನವೇ ಇಂದುಮತಿಗೆ ಹೇಳಿದ್ದರು. "ಅದು ಅರಗು ಇದ್ದಂಗ. ಪ್ರತಿ ಸಲ ನೆನಸಿದಾಗ ಬಿಸಿ ಆಗಿ ಮೆತ್ತಗಾಗತೈತಿ. ಆಮ್ಯಾಲ ತಣ್ಣಗಾಗಿ ಗಟ್ಟಿ ಆಗತೈತಿ. ಮೆತ್ತಗಿದ್ದಾಗ ನಾವು ಅದರ ಅಚ್ಚು ತಗೋತೀವಿ. ಆ ಅಚ್ಚನ್ನ ಇನ್ನೊಬ್ಬರ ತಲಿಯೊಳಗ ಒತ್ತಬಹುದು. ಆದ್ರ ಕೊಟ್ಟವರಿಗೆ ಕಡೀಕ ಮುದ್ರಿ ಹಾಕಬೇಕು. ನಾವು ಅಚ್ಚು ತಗೊಂಡ ನೆನಪು ತಾನಾಗಿ ಗಟ್ಟಿ ಆಗಂಗಿಲ್ಲ. ಮುದ್ರಿ ಹಾಕದಿದ್ರ ಅದು ಕರಗಿ ಹೋಗತೈತಿ."

ತಲೆಗೆ ತೊಡಿಸುವ ಆ ಯಂತ್ರವನ್ನು ಅಲ್ಲಿನವರೆಲ್ಲ ಟೋಪಿ ಎಂದೇ ಕರೆಯುತ್ತಿದ್ದರು.

ಮೊದಲು ಬಂದವನು ಫಕೀರಪ್ಪನ ಜೊತೆ ಕಂಡಕ್ಟರ್ ಆಗಿದ್ದ ರಾಜೇಸಾಬ. ಅವನ ನೆನಪು ಒಂದು ಚಹಾದಂಗಡಿಯದು. ಟೋಪಿ ತೆಗೆದಾಗ ಇಂದುಮತಿಗೆ ಸಿನಿಮಾ ನೋಡಿದಂತೆ ಅನ್ನಿಸಲಿಲ್ಲ. ತಾನೇ ಆ ಬೆಂಚಿನ ಮೇಲೆ ಕೂತಿದ್ದೆ, ಎದುರಿಗೆ ಅಪ್ಪ ಕಪ್ಪಿನಿಂದ ಬಸಿಗೆ ಚಹಾ ಸುರಿದು, ಊದಿ, ಕಣ್ಣು ಮುಚ್ಚಿ ಕುಡಿಯುತ್ತಿದ್ದ ಎಂದು ನೆನಪಾಯಿತು. ಎಂದಿನಿಂದಲೋ ಗೊತ್ತಿದ್ದ ಸಂಗತಿಯಂತೆ. ಕ್ಯಾಮೆರಾದ ಮುಂದೆ ಕೂತು ಅದನ್ನು ಹೇಳುವಾಗ ಅವಳು 'ನಾನು' ಎಂದೇ ಹೇಳಿದಳು. ಆಮೇಲೆ ಒಬ್ಬ ಮೆಕ್ಯಾನಿಕ್ ಬಂದ. ಓಣಿಯ ಒಬ್ಬ ಮುದುಕಿ ಬಂದಳು. ಒಬ್ಬೊಬ್ಬರಿಂದ ಒಂದೊಂದು ತುಣುಕು. ಅಪ್ಪ ಬೈಯುವ ರೀತಿ, ಚಪ್ಪಲಿ ಎಳೆದು ನಡೆಯುವ ಸದ್ದು, ಮಗಳನ್ನು ಹೆಗಲ ಮೇಲೆ ಕೂಡಿಸಿಕೊಂಡು ಓಣಿ ಸುತ್ತುವುದು. ಮುದುಕಿಯ ಆ ನೆನಪಿನಲ್ಲಿ ಇಂದುಮತಿ ತನ್ನನ್ನು ತಾನೇ ಹೊರಗಿನಿಂದ ಕಂಡಳು.

ಆದರೆ ಯಾವುದರಲ್ಲೂ ಅಪ್ಪನ ಮುಖ ಸರಿಯಾಗಿ ಕೂಡಲಿಲ್ಲ. ಜನ ಮುಖವನ್ನು ಅಷ್ಟು ದಿಟ್ಟಿಸಿ ನೋಡುವುದಿಲ್ಲ. ಅವನ ಮುಖವನ್ನು ಗುರಿಯಿಟ್ಟು ನೋಡಿದವನು ಒಬ್ಬನೇ ಇದ್ದ.

ಆ ಕಲ್ಲು ಬೀಸಿದ ಮೌನೇಶ ಬಡಿಗೇರನಿಗೆ ಆಗ ಹತ್ತೊಂಬತ್ತು ವರ್ಷ. ಜೈಲಿಗೆ ಹೋಗಿ ಬಂದು, ಹಳೇ ಹುಬ್ಬಳ್ಳಿಯಲ್ಲಿ ಸೋಫಾ ರಿಪೇರಿ ಅಂಗಡಿ ಹಾಕಿಕೊಂಡಿದ್ದ. ಈಗ ಐವತ್ತು ದಾಟಿದವನು. ಸಾವಂತ್ರೆವ್ವ ಆ ರಸ್ತೆಯಲ್ಲಿ ಹಾದರೆ ಕೆಲಸ ಬಿಟ್ಟು ಒಳಗೆ ಹೋಗಿಬಿಡುತ್ತಿದ್ದ. ಆ ವಿಷಯ ಊರಿಗೆಲ್ಲ ಗೊತ್ತು.

ಇಂದುಮತಿ ಅಂಗಡಿಗೆ ಹೋಗಿ ಯಾರ ಮಗಳೆಂದು ಹೇಳಿದಾಗ ಅವನು ಕೈಯಲ್ಲಿದ್ದ ಸೂಜಿಯನ್ನು ಬಟ್ಟೆಗೆ ಚುಚ್ಚಿಟ್ಟ.

"ನನ್ನ ಬೈಲಿಕ್ಕೆ ಬಂದಿದ್ರ ಬೈದು ಹೋಗ್ರಿ."

"ಬೈಯಾಕ ಬಂದಿಲ್ಲ. ನಿಮ್ಮ ಆ ನೆನಪು ನನಗ ಬೇಕು."

ಅವಳು ಎಲ್ಲ ವಿವರಿಸಿದಳು. ಮುದ್ರೆಯ ವಿಷಯವನ್ನೂ ಹೇಳಿದಳು. ಅವನು ಅದನ್ನು ಇನ್ನೊಮ್ಮೆ ಹೇಳಿಸಿಕೊಂಡ.

"ಮುದ್ರಿ ಹಾಕದಿದ್ರ ಹೋಗತೈತಿ ಅಂದ್ರಿ?"

"ಹೌದು."

"ಬರ್ತೀನಿ," ಎಂದ. ಎಂದು ಬರಬೇಕೆಂದು ತಾನೇ ಕೇಳಿದ.

ಅಚ್ಚು ತೆಗೆಯುವ ದಿನ ಮೌನೇಶ ಟೋಪಿಯ ಕೆಳಗೆ ಹಲ್ಲು ಕಚ್ಚಿ ಕೂತಿದ್ದ. ಅವನ ಬಲಗೈ ಕುರ್ಚಿಯ ಹಿಡಿಯ ಮೇಲೆ ತಾನಾಗಿ ಬಿಗಿಯಾಯಿತು. ಮುಗಿದ ಮೇಲೆ ಡಾಕ್ಟರು, "ಕೆಳಗ ಹೋಗಿ ಚಹಾ ಕುಡದು ಬರ್ರಿ, ಮುದ್ರಿ ಹಾಕೋಣ," ಎಂದರು. ಅವನು ಇಳಿದು ಹೋದ. ಮರಳಿ ಬರಲಿಲ್ಲ. ಫೋನ್ ಮಾಡಿದರೆ, ಊರು ಮುಟ್ಟಿದ್ದೇನೆ, ಆರಾಮಾಗಿದ್ದೇನೆ ಎಂದ.

"ಅವನ್ನ ಹಿಡಕೊಂಡು ಬರ್ರಿ," ಎಂದರು ನಸೀಮಾ. ಸಿಟ್ಟಿನಿಂದ ಅವರ ದನಿ ಗಡುಸಾಗಿತ್ತು. "ಇವತ್ತ ಸಂಜಿತನಕ ಟೈಮ್ ಐತಿ."

"ಮೊದಲು ನನಗ ಕೊಡ್ರಿ. ಆಮ್ಯಾಲ ಹೋಗ್ತೀನಿ."

"ಇಂದುಮತಿ, ಆಮ್ಯಾಲ ಅಂದ್ರ ತಡ ಆಗತೈತಿ."

ಅವಳು ಆಗಲೇ ಕುರ್ಚಿಯಲ್ಲಿ ಕೂತಿದ್ದಳು. ಡಾಕ್ಟರು ಗಡಿಯಾರ ನೋಡಿದರು. ಅವರಿಗೂ ಇದು ಹೊಸ ಪ್ರಯೋಗ. ಟೋಪಿ ಇಳಿಸಿದರು.

ಬಿಸಿಲು. ಕೈಯಲ್ಲಿ ಜಲ್ಲಿಕಲ್ಲು, ಅಂಗೈಗೆ ಸರಿಹೊಂದುವಷ್ಟು. ಹಿಂದೆ ಗೆಳೆಯರ ಕೂಗು. ತಿರುವಿನಲ್ಲಿ ಬಸ್ಸು ನಿಧಾನವಾಗುತ್ತದೆ. ಗಾಜಿನ ಹಿಂದೆ ಅಪ್ಪ. ಕ್ರಾಪು ಬಾಚಿದ ಕೂದಲು, ತುಂಬು ಮೀಸೆ. ಅವನು ತಲೆಯೆತ್ತಿ ನೇರವಾಗಿ ತನ್ನನ್ನೇ ನೋಡುತ್ತಾನೆ. ಎಷ್ಟು ಸ್ಪಷ್ಟವಾದ ಮುಖ. ಇಂದುಮತಿ ಆ ಮುಖಕ್ಕಾಗಿ ವರ್ಷಗಟ್ಟಲೆ ಹಂಬಲಿಸಿದ್ದಳು. ಅದನ್ನು ಕಂಡ ಕ್ಷಣವೇ ಅವಳ ಹೆಗಲು ತಿರುಗಿತು, ಕೈ ಬೀಸಿತು. ಗಾಜು ಒಡೆಯಿತು. ಆಮೇಲೆ ಬಂದದ್ದನ್ನು ಅವಳು ಯಾರಿಗೂ ಹೇಳಬಾರದೆಂದುಕೊಂಡಳು. ಅದು ಸಂತೋಷ. ಗುರಿ ತಪ್ಪಲಿಲ್ಲವೆಂಬ ಶುದ್ಧ ಸಂತೋಷ.

ಟೋಪಿ ತೆಗೆದಾಗ ಅವಳು ಎದ್ದು ಹೋಗಿ ಬಲಗೈಯನ್ನು ನಲ್ಲಿಯ ಕೆಳಗೆ ಹಿಡಿದು ತೊಳೆದಳು. ಮೌನೇಶನನ್ನು ಹುಡುಕಿಕೊಂಡು ಆ ದಿನ ಹೋಗಲಿಲ್ಲ.

ಕೆಲವು ದಿನಗಳ ಮೇಲೆ ಸಾವಂತ್ರೆವ್ವ ಸಂತೆಯಿಂದ ಬರಿಗೈಯಲ್ಲಿ ಬಂದಳು. ಚೀಲವನ್ನು ಅಲ್ಲೇ ಬಿಟ್ಟು ಬಂದಿದ್ದಳು.

"ಅವಾ ನನ್ನ ಮಾತಾಡ್ಸಿದ," ಎಂದಳು. "ಬದನಿಕಾಯಿ ಆರಸಾಕತ್ತಿದ್ದೆ. ಬಾಜೂಕ ಬಂದು ನಿಂತು, ಆರಾಮ ಅದೀರೇನ್ರಿ ಅಕ್ಕಾರ ಅಂದ. ನಕ್ಕೋತ. ಏನು ಮಾಡಿದಿ ಅವಗ?"

ಇಂದುಮತಿ ಮುಚ್ಚಿಡಲಿಲ್ಲ. ಎಲ್ಲವನ್ನೂ ಹೇಳಿದಳು, ಸಂತೋಷದ ಸಂಗತಿಯೊಂದನ್ನು ಬಿಟ್ಟು. ಹೇಳುತ್ತ ಲೋಟದಲ್ಲಿ ನೀರು ತುಂಬಿ ತಾಯಿಯ ಮುಂದೆ ಹಿಡಿದಳು.

ಸಾವಂತ್ರೆವ್ವ ಲೋಟವನ್ನಲ್ಲ, ಅದನ್ನು ಹಿಡಿದ ಕೈಯನ್ನು ನೋಡಿದಳು.

"ಆ ಕೈಲೆ ನನಗ ನೀರು ಕೊಡಬ್ಯಾಡ."

"ಅವ್ವಾ, ನಾನಲ್ಲ ಒಗದದ್ದು."

"ಹೌದೇನು? ಹಂಗಾರ ಹೇಳು. ಕಲ್ಲು ಎಷ್ಟ ಭಾರ ಇತ್ತು?"

ಇಂದುಮತಿಗೆ ಅದು ಗೊತ್ತಿತ್ತು. ಅವಳು ಲೋಟವನ್ನು ಕೆಳಗಿಟ್ಟಳು.

"ನೋಡಿದಿ? ಇಷ್ಟ ವರ್ಷ ಅವನ್ನ ಓಣ್ಯಾಗ ಕಾಲಿಡಗೊಟ್ಟಿಲ್ಲ ನಾನು. ನೀನು ಕರಕೊಂಡು ಬಂದು ಮನಿಯೊಳಗ ಕುಂದರ್ಸೀದಿ." ಮರುದಿನ ಮಗಳ ಹಾಸಿಗೆ, ಕ್ಯಾಮೆರಾ ಪೆಟ್ಟಿಗೆಗಳೆಲ್ಲ ಹೊರಗಿನ ಪಡಸಾಲೆಯಲ್ಲಿದ್ದವು. ಅಡುಗೆಮನೆಗೆ ಅವಳು ಬರಬಾರದೆಂದು ಸಾವಂತ್ರೆವ್ವ ಬಾಯಿಬಿಟ್ಟು ಹೇಳಲಿಲ್ಲ. ತಟ್ಟೆಯನ್ನು ಬಾಗಿಲ ಬಳಿ ಇಡತೊಡಗಿದಳು.

ಇಂದುಮತಿ ಮೌನೇಶನ ಅಂಗಡಿಗೆ ಹೋದಳು. ಅವನು ಹತ್ತು ವರ್ಷ ಚಿಕ್ಕವನಾದಂತೆ ಕಂಡ. ರೇಡಿಯೋ ಹಚ್ಚಿಕೊಂಡು ಕೆಲಸ ಮಾಡುತ್ತಿದ್ದ.

"ಜೈಲು ನೆನಪೈತ್ರಿ," ಎಂದ. "ಕೋರ್ಟು ನೆನಪೈತಿ. ನನ್ನವ್ವ ಅತ್ತದ್ದು ನೆನಪೈತಿ. ಕಲ್ಲು ಒಗದದ್ದು ಇಲ್ಲ. ಜನ ಹೇಳ್ತಾರ, ನಾ ಹೌದಂತೀನಿ."

"ನಿಮಗ ಅಚ್ಚು ತಿರುಗಿ ಕೊಡಬಹುದು. ಬರ್ರಿ."

"ಯಾಕ?"

"ಯಾಕಂದ್ರ ಅದು ನಿಮ್ಮದು."

"ನನ್ನದನ್ನ ಬೇಡಿ ತಗೊಂಡು ಹೋದವರು ಯಾರು? ನಾ ನಿಮ್ಮ ಮನಿಗೆ ಬಂದಿದ್ನೇನು? ಬೇಕು ಅಂದ್ರಿ, ಕೊಟ್ಟೆ. ಈಗ ಭಾರ ಆತು ಅಂತ ತಂದೀರಿ." ಅವನು ರೇಡಿಯೋದ ದನಿ ಏರಿಸಿದ. "ಶಿಕ್ಷಾ ಮುಗಿಸೇನಿ. ಇನ್ನ ನಿಮ್ಮ ದಾರಿ ನೀವು ಹಿಡೀರಿ."

ಇಂದುಮತಿಗೆ ಬಸ್ಸು ಹತ್ತುವುದು ಆಗದಾಯಿತು. ದುಂಡಗಿನದು ಏನು ಕೈಗೆ ಸಿಕ್ಕರೂ, ಒಂದು ಈರುಳ್ಳಿ ಸಿಕ್ಕರೂ, ಹೆಗಲು ಬಿಗಿಯುತ್ತಿತ್ತು. ಅದಕ್ಕಿಂತ ಕೆಟ್ಟದ್ದು ಇನ್ನೊಂದಾಯಿತು. ರಾಜೇಸಾಬನ ಚಹಾದಂಗಡಿಯನ್ನು ನೆನೆದರೆ, ಅಪ್ಪ ಕಣ್ಣು ಮುಚ್ಚಿ ಬಸಿಯಿಂದ ಚಹಾ ಕುಡಿಯುತ್ತಿದ್ದ, ಎದುರಿಗೆ ಕೂತ ಅವಳ ಕೈಯಲ್ಲಿ ಕಲ್ಲಿತ್ತು. ಓಣಿ ಸುತ್ತುವ ನೆನಪಿನಲ್ಲೂ ಅಪ್ಪನ ಹೆಗಲ ಮೇಲಿನ ಕೂಸಿನ ಮುಷ್ಟಿ ಬಿಗಿದಿತ್ತು. ಆದರೂ ಕಲ್ಲಿನ ಆ ನೆನಪಿನ ಅಚ್ಚು ತೆಗೆಸಿ, ಮುದ್ರೆ ಹಾಕಿಸದೆ ಕರಗಿಸಿಬಿಡಲು ಅವಳು ಒಪ್ಪಲಿಲ್ಲ. ಆ ಮುಖ ಇದ್ದದ್ದು ಆ ನೆನಪಿನಲ್ಲಿ ಮಾತ್ರ. ಕಲ್ಲು ಬೀಸುವ ಮೊದಲಿನ ಆ ಗಳಿಗೆಗಾಗಿ ಅವಳು ಉಳಿದದ್ದನ್ನೆಲ್ಲ ಸಹಿಸಿದಳು. ಅತ್ತಳು. ಆ ಮುಖವನ್ನು ನೆನೆದಾಗಲೆಲ್ಲ ಅತ್ತಳು. ಅಪ್ಪ ಸತ್ತಾಗ ಅಳಲು ತಿಳಿಯದ ಕೂಸು ಈಗ ಅಳುತ್ತಿತ್ತು.

ಒಂದು ಬೆಳಿಗ್ಗೆ ಸಾವಂತ್ರೆವ್ವ ಸೀರೆಯುಟ್ಟು ಬಾಗಿಲಲ್ಲಿ ನಿಂತಳು. "ಆ ಡಾಕ್ಟರ್ ಕಡೆ ಕರಕೊಂಡು ಹೋಗು. ಅವಾ ನೋಡಿದ್ದನ್ನ ನಾನೂ ನೋಡಬೇಕು. ತಲಿಯೊಳಗಲ್ಲ, ಪರದೆ ಮ್ಯಾಲ."

ಅಚ್ಚಿನಿಂದ ಚಿತ್ರ ತೆಗೆಯುವುದು ಸಾಧ್ಯವಿತ್ತು. ಚಿತ್ರ ಮಸುಕಾಗಿ ಬರುತ್ತಿತ್ತು, ಬಣ್ಣ ಅಲುಗುತ್ತಿತ್ತು. ಪ್ರಯೋಗಾಲಯದ ಪರದೆಯ ಮುಂದೆ ಸಾವಂತ್ರೆವ್ವ ಸೆರಗು ಹೊದ್ದು ಕೂತಳು. ಬಿಸಿಲು, ತಿರುವು, ಬಸ್ಸು, ಗಾಜಿನ ಹಿಂದೆ ಮುಖ. ನಸೀಮಾ ಅಲ್ಲಿಗೆ ನಿಲ್ಲಿಸಿದರು.

ಸಾವಂತ್ರೆವ್ವ ಬಹಳ ಹೊತ್ತು ನೋಡಿದಳು.

"ಇವರು ಅವರಲ್ಲ."

"ಅವ್ವಾ, ಫೋಟೋದಾಗ ಇದ್ದಂಗ ಅದಾರಲ್ಲ."

"ಫೋಟೋದಾಗ ಇದ್ದಂಗ ಅದಾರ. ಅದಕ್ಕ ಹೇಳಾಕತ್ತೇನಿ. ನಿಮ್ಮ ಆಯಿ, ಅವರವ್ವ, ಸತ್ತು ಆಗ ವಾರ ಎರಡು ವಾರ ಆಗಿತ್ತು. ಅವರು ತಲಿ, ಮೀಸಿ ಎಲ್ಲ ತಗಸಿದ್ರು. ಅವತ್ತ ಮುಂಜಾನೆ ನಾನಾ ಅವರ ನುಣ್ಣನ ತಲಿಗೆ ಎಣ್ಣಿ ಹಚ್ಚಿ ಕಳಿಸೀನಿ." ಅವಳು ಪರದೆಯ ಕಡೆ ಕೈ ಮಾಡಿದಳು. "ಇದು ಮರುದಿನ ಪೇಪರಿನ್ಯಾಗ ಹಾಕಿದ ಫೋಟೋ. ಮದುವೀದು."

ಅಜ್ಜಿ ಮತ್ತು ಅಪ್ಪ ಒಂದೇ ವರ್ಷ ತೀರಿಕೊಂಡರೆಂದು ಇಂದುಮತಿಗೆ ಗೊತ್ತಿತ್ತು. ಯಾರು ಮೊದಲು ಎಂದು ಅವಳು ಕೇಳಿರಲಿಲ್ಲ, ತಾಯಿ ಹೇಳಿರಲಿಲ್ಲ.

ನಸೀಮಾ ಕನ್ನಡಕ ತೆಗೆದು ಒರೆಸಿದರು. "ಇದು ಆಗತೈತಿ," ಎಂದರು. "ಅವನಿಗೆ ಆ ಹೊತ್ತಿನ್ಯಾಗ ಮುಖ ಕಂಡಿರಾಕಿಲ್ಲ. ಆಮ್ಯಾಲ ಪೇಪರ್ ನೋಡ್ಯಾನ. ನೆನಸಿದಾಗೊಮ್ಮೆ ಆ ಮುಖ ತಂದು ಗಾಜಿನ ಹಿಂದ ಕೂಡಿಸ್ಯಾನ. ಸುಳ್ಳು ಹೇಳಿಲ್ಲ ಅವಾ. ಹಂಗ ನೆನಪಾಗ್ಯದ."

ಇಂದುಮತಿ ಪರದೆಯನ್ನೇ ನೋಡುತ್ತಿದ್ದಳು. ಇಷ್ಟು ದಿನ ಅವಳು ಅತ್ತದ್ದು ಒಂದು ಸುದ್ದಿಪತ್ರಿಕೆಯ ಫೋಟೋಕ್ಕೆ. ನಿಜವಾಗಿ ಉಳಿದದ್ದು ಕಲ್ಲಿನ ಭಾರ ಮತ್ತು ಆ ಸಂತೋಷ.

"ತೆಗೀರಿ ಇದನ್ನ," ಎಂದಳು. "ಈಗ, ಈಗಿಂದೀಗ ಕರಗ್ಸಿಬಿಡ್ರಿ."

"ಬ್ಯಾಡ," ಎಂದಳು ಸಾವಂತ್ರೆವ್ವ.

ಇಬ್ಬರೂ ಅವಳತ್ತ ತಿರುಗಿದರು.

"ಅವನ ತಲಿಯಿಂದ ಹೋತು. ನಿನ್ನ ತಲಿಯಿಂದಾನೂ ಹೋದ್ರ ಕೊಂದದ್ದು ಯಾರಿಗೆ ಗೊತ್ತಿರತೈತಿ? ಈ ಡಬ್ಬಿಗೆ? ಅವಾ ತಿರುಗಿ ತಗೊಳ್ಳೂತನಕ ನೀನ ಹೊರಬೇಕು. ನೀನ ಇಸಗೊಂಡಾಕಿ."

"ನಾನು ಸತ್ತು ಹೋಗ್ತೀನವ್ವಾ."

"ಸಾಯಂಗಿಲ್ಲ. ನಾನು ಸತ್ತಿಲ್ಲ."

ಇಂದುಮತಿ ತಾಯಿಯನ್ನು ದ್ವೇಷಿಸಿದಳು. ಆದರೂ ನೆನಪನ್ನು ಹೊತ್ತುಕೊಂಡೇ ಮನೆಗೆ ಬಂದಳು.

ಸಾವಂತ್ರೆವ್ವ ಮರುದಿನದಿಂದ ಮೌನೇಶನ ಅಂಗಡಿಯ ಎದುರಿನ ಕಟ್ಟೆಯ ಮೇಲೆ ಹೋಗಿ ಕೂರತೊಡಗಿದಳು. ಮಾತಿಲ್ಲ, ಬೈಗುಳವಿಲ್ಲ. ಮೊದಲು ಅವನು ನಕ್ಕು ಚಹಾ ಕಳಿಸಿದ. ಅವಳು ಅದನ್ನು ಗಟಾರಕ್ಕೆ ಸುರಿದಳು. ಆಮೇಲೆ ಅವನು ಸಿಡುಕಿದ. ಪೊಲೀಸರನ್ನು ಕರೆಯುತ್ತೇನೆಂದ. ಕರೆಯಲಿಲ್ಲ.

ಕೊನೆಗೆ ಇಂದುಮತಿಯ ಬಳಿ ಬಂದವಳು ಮೌನೇಶನ ಹೆಂಡತಿ ಚಂಪಾಬಾಯಿ. ಪಡಸಾಲೆಯ ಮೆಟ್ಟಿಲ ಮೇಲೆ ನಿಂತೇ ಮಾತಾಡಿದಳು.

"ನಿಮ್ಮವ್ವನ ಸಲುವಾಗಿ ಬಂದಿಲ್ಲ ನಾನು. ಕುಂದರ್ಲಿ ಬೇಕಾದಷ್ಟು ದಿನ. ಆ ಸುಡಗಾಡು ನೆನಪು ನನ್ನ ಗಂಡಗ ತಿರುಗಿ ಕೊಡ್ರಿ."

"ಅವರು ಒಲ್ಲೆ ಅಂದಾರ."

"ಮದುವಿ ಆಗಿ ಇಷ್ಟ ವರ್ಷದಾಗ ಅವರು ಒಂದ ದಿನ ಯಾರ ಮ್ಯಾಲೂ ಕೈ ಎತ್ತಿದವರಲ್ಲ. ಸಿಟ್ಟು ಬಂದ್ರ ಕೈ ಬೆನ್ನ ಹಿಂದ ಕಟಗೊಂಡು ನಿಂದರ್ತಿದ್ರು. ನನಗ ನಗು ಬರ್ತಿತ್ತು. ಮೊನ್ನೆ ಒಬ್ಬ ಗಿರಾಕಿ ಬಟ್ಟಿ ಬಣ್ಣ ಸರಿ ಇಲ್ಲ ಅಂದ. ಅಷ್ಟಕ್ಕ ಮೊಳಿ ಬಡಿಯೂ ಕೊಡತಿ ತಗೊಂಡು ಒಗದ್ರು. ಕಿವಿ ಬಾಜೂಕ ಹಾದು ಗ್ವಾಡಿಗೆ ಬಡೀತು. ಅವರಿಗೆ ಕೈ ನಡುಗಲಿಲ್ಲ." ಅವಳು ಇಂದುಮತಿಯ ಮುಖವನ್ನು ನೇರವಾಗಿ ನೋಡಿದಳು. "ನೀವು ಬರೇ ನೆನಪು ಒಯ್ದೀನಿ ಅಂತ ತಿಳದೀರಿ. ನಾ ಲಗ್ನ ಆದ ಮನಶ್ಯಾನ್ನ ಒಯ್ದೀರಿ."

ಮೌನೇಶ ಬಂದದ್ದು ಹೆಂಡತಿ ಗಂಟುಮೂಟೆ ಕಟ್ಟಿ ತವರಿಗೆ ಹೊರಟಾಗ. ಪ್ರಯೋಗಾಲಯದಲ್ಲಿ ಅವನು ಯಾರೊಡನೆಯೂ ಮಾತಾಡಲಿಲ್ಲ. ಗೋಡೆಗೆ ಒರಗಿ ನಿಂತಿದ್ದ ಸಾವಂತ್ರೆವ್ವನನ್ನು ಕಂಡು ಮುಖ ತಿರುಗಿಸಿದ.

ನಸೀಮಾ ಮೊದಲಿನ ಅಚ್ಚನ್ನು ಹಾಕಲು ಒಪ್ಪಲಿಲ್ಲ. ಅದನ್ನು ತೆಗೆದು ತಿಂಗಳುಗಳಾಗಿದ್ದವು, ಅಷ್ಟು ಹಳೆಯ ಅಚ್ಚು ಯಾರ ತಲೆಯಲ್ಲೂ ಹಿಡಿಯುತ್ತಿರಲಿಲ್ಲ. ಜೀವಂತ ತಲೆಯಿಂದ ಹೊಸದಾಗಿ ತೆಗೆದರೆ ಮಾತ್ರ ಸಾಧ್ಯ. "ಇಂದುಮತಿಯಿಂದ ತಗೋಬೇಕು," ಎಂದರು. "ಇಬ್ಬರೂ ಕೇಳ್ರಿ. ಇದು ಈಕಿ ತಲಿಯೊಳಗ ತಿಂಗಳುಗಟ್ಟಲೆ ಇದ್ದು ಬಂದೈತಿ. ಈಕಿದೂ ಏನೇನೋ ಅಂಟಿರತೈತಿ. ಮೌನೇಶ ಅವರಿಗೆ ಅದೂ ಹೋಗತೈತಿ. ಇಂದುಮತಿ, ನಾ ನಿಮಗ ಮುದ್ರಿ ಹಾಕದಿದ್ರ, ಅಂಟಿದ್ದೆಲ್ಲ ಅದರ ಜೋಡಿ ಕರಗತೈತಿ. ಏನು ಹೋಗತೈತಿ ಅಂತ ಮೊದಲ ಹೇಳಲಿಕ್ಕೆ ಬರಂಗಿಲ್ಲ."

"ಹೋಗ್ಲಿ," ಎಂದಳು ಇಂದುಮತಿ. ಅವಳಿಗೆ ನಿದ್ದೆ ಬೇಕಾಗಿತ್ತು.

ಟೋಪಿ ತೆಗೆದಾಗ ಮೌನೇಶ ತನ್ನ ಬಲಗೈ ನೋಡಿಕೊಂಡ. ಆಮೇಲೆ ಕುರ್ಚಿಯಿಂದ ಜಾರಿ ನೆಲದ ಮೇಲೆ ಕೂತ. ಅವನ ಬಾಯಿಂದ ಬಂದ ಸದ್ದು ಐವತ್ತು ದಾಟಿದ ಗಂಡಸಿನದಲ್ಲ. ಚಂಪಾಬಾಯಿ ಓಡಿಬಂದು ಹಿಡಿದುಕೊಂಡಳು. "ಅಪ್ಪಾ," ಎಂದ ಅವನು. "ನಮ್ಮಪ್ಪನ್ನ ನಾನ ಹೊಡದೆ."

ಸಾವಂತ್ರೆವ್ವ ಬಂದದ್ದು ಅವನ ಅಳುವನ್ನು ಕಾಣಲು. ಈಗ ಅದನ್ನು ಕಂಡು ಅವಳ ಮುಖ ಕಪ್ಪಿಟ್ಟಿತು.

"ಬಾಯಿ ಮುಚ್ಚು," ಎಂದಳು. "ನಿಮ್ಮಪ್ಪ ಅಲ್ಲ ಅವರು. ನೀ ಕೊಂದಾಂವ. ಅಷ್ಟ ನಿನ್ನ ಪಾಲು."

ಅವನಿಗೆ ಅದು ಕೇಳಿಸಿದಂತೆ ಕಾಣಲಿಲ್ಲ.

ಇಂದುಮತಿಗೆ ಮುದ್ರೆ ಹಾಕಲಿಲ್ಲ. ಎರಡು ದಿನ ಬಿಟ್ಟು ಎದ್ದಾಗ ಹೆಗಲು ಹಗುರವಾಗಿತ್ತು. ಬಸ್ಸು ಹತ್ತಿ ಊರೆಲ್ಲ ಸುತ್ತಿ ಬಂದಳು. ಎಡಿಟಿಂಗ್‌ಗೆ ಕೂತು ಹಳೆಯ ದೃಶ್ಯ ಹಚ್ಚಿದಳು. ಪರದೆಯ ಮೇಲೆ ಅವಳೇ ಕೂತು ಚಹಾದಂಗಡಿಯ ಅಪ್ಪನ ಬಗ್ಗೆ ಹೇಳುತ್ತ ಕಣ್ಣು ಒರೆಸಿಕೊಳ್ಳುತ್ತಿದ್ದಳು. ಆ ಬಸಿ, ಆ ಬೆಂಚು ಎಲ್ಲ ಈಗಲೂ ನೆನಪಿತ್ತು. ಅಲ್ಲಿ ಕೂತ ಗಂಡಸು ಮಾತ್ರ ಯಾರೋ ಒಬ್ಬ ಬಸ್ ಚಾಲಕ. ಅವಳು ಗೋಡೆಯ ಫೋಟೋದ ಮುಂದೆ ಹೋಗಿ ನಿಂತಳು. ಏನೂ ಆಗಲಿಲ್ಲ. ಇದು ದಣಿವಿನಿಂದ ಎಂದುಕೊಂಡಳು. ನಸೀಮಾಗೆ ಫೋನ್ ಮಾಡಿದಾಗ ಅವರು, "ಅಂಟಿದ್ದೂ ಅದರ ಜೋಡಿ ಹೋಗೈತಿ," ಎಂದರು. ಆ ವರ್ಷ ಅವಳು ಚಿತ್ರ ಮುಗಿಸಲಿಲ್ಲ.

ಫಕೀರಪ್ಪ ತೀರಿಕೊಂಡ ದಿನ ಬಂತು. ಪ್ರತಿ ವರ್ಷದಂತೆ ಸಾವಂತ್ರೆವ್ವ ಹೋಳಿಗೆ ಮಾಡಿ ಎಡೆಗೆ ಎಲೆ ಹಾಸಿದಳು. ಹೊರಗೆ ಚಪ್ಪಲಿ ಬಿಡುವ ಸದ್ದಾಯಿತು. ಮೌನೇಶ ಮೆಟ್ಟಿಲ ಕೆಳಗೆ ನಿಂತಿದ್ದ. ತಲೆ, ಮೀಸೆ ಬೋಳಿಸಿಕೊಂಡಿದ್ದ, ತಂದೆ ಸತ್ತ ಮಗನ ಹಾಗೆ. ಕೈಯಲ್ಲಿ ತೆಂಗಿನಕಾಯಿ ಇತ್ತು. ಮೇಲೆ ಬರಲಿಲ್ಲ, ಕರೆಯಲಿಲ್ಲ. ಅವನ ಕೆನ್ನೆಯ ಮೇಲೆ ನೀರು ಇಳಿಯುತ್ತಿತ್ತು.

ಸಾವಂತ್ರೆವ್ವ ಕಿಟಕಿಯಿಂದ ಅವನನ್ನು ನೋಡಿದಳು. ತಿರುಗಿ ಮಗಳನ್ನು ನೋಡಿದಳು. ಇಂದುಮತಿ ಫೋಟೋಕ್ಕೆ ಹೂ ಏರಿಸುತ್ತಿದ್ದಳು, ನೆರೆಮನೆಯವರ ಕೆಲಸ ಮಾಡಿಕೊಡುವವಳಂತೆ.

"ಅಳೂದನ್ನೂ ಅವಗ ಕೊಟ್ಟು ಬಂದಿ," ಎಂದಳು ಸಾವಂತ್ರೆವ್ವ.

ಇಂದುಮತಿ ಹೂವನ್ನು ಕೆಳಗಿಟ್ಟಳು.

"ಹೋಗು. ಇಸಗೊಂಡು ಬಾ. ಅದು ನಿಂದು."

ಇಂದುಮತಿ ಹೊರಗೆ ಹೋಗಿ ಮೆಟ್ಟಿಲ ಮೇಲೆ ನಿಂತಳು. ಅಷ್ಟು ದುಃಖವನ್ನು ಅವಳು ಯಾರ ಮುಖದ ಮೇಲೂ ಕಂಡಿರಲಿಲ್ಲ. ಅದು ತನ್ನದೆಂದು ತಿಳಿದಿತ್ತು, ಗುರುತು ಸಿಗಲಿಲ್ಲ. ಹೊಟ್ಟೆಕಿಚ್ಚು ಮಾತ್ರ ಆಯಿತು.

"ಡಾಕ್ಟರ್ ಕಡೆ ಬರ್ರಿ," ಎಂದಳು. "ನನ್ನದು ನನಗ ತಿರುಗಿ ಬೇಕು."

ಮೌನೇಶ ತೆಂಗಿನಕಾಯಿಯನ್ನು ಮೆಟ್ಟಿಲ ಮೇಲೆ ಇಟ್ಟ.

"ಕಲ್ಲು ಬೇಕಾದ್ರ ಒಯ್ರಿ," ಎಂದ. "ಅವರನ್ನ ಕೊಡಂಗಿಲ್ಲ."

ಚಪ್ಪಲಿ ಮೆಟ್ಟಿ ಓಣಿಯ ತುದಿಯವರೆಗೆ ನಡೆದು ಹೋದ. ಇಂದುಮತಿ ಒಳಗೆ ಬಂದಾಗ ಸಾವಂತ್ರೆವ್ವ ಎಡೆ ಹಿಡಿದು ಮುಗಿಸಿದ್ದಳು. ಒಂದೇ ತಟ್ಟೆ ಇಟ್ಟುಕೊಂಡು ಉಣ್ಣಲು ಕೂತಿದ್ದಳು.

"ಕೊಟ್ಟನೇನು?"

"ಇಲ್ಲ."

ಸಾವಂತ್ರೆವ್ವ ಹೋಳಿಗೆ ಮುರಿದು ಬಾಯಿಗಿಟ್ಟುಕೊಂಡಳು. ಇಂದುಮತಿ ತಟ್ಟೆಗಾಗಿ ಬಾಗಿಲ ಬಳಿ ನೋಡಿದಳು. ಅಲ್ಲಿ ಏನೂ ಇಟ್ಟಿರಲಿಲ್ಲ.